ಥಿಯೇಟರಿನಲ್ಲಿ ಸತ್ತ ಹಿಟ್ಲರ್

ಪ್ರಶ್ನೆ: ಕ್ವೆಂಟಿನ್ ಟ್ಯಾರಂಟಿನೊ ನಿರ್ದೇಶನದ ‘ಇನ್‌ಗ್ಲೋರಿಯಸ್ ಬಾಸ್ಟರ್ಡ್ಸ್’ ಚಿತ್ರವನ್ನು ಕಾಲೇಜು ಓದುತ್ತಿರುವ ಮಗನ ಜೊತೆ ನೋಡಿದೆ. ಕೊನೆಯಲ್ಲಿ ಹಿಟ್ಲರ್ ಪ್ಯಾರಿಸ್ಸಿನ ಸಿನಿಮಾ ಮಂದಿರವೊಂದರಲ್ಲಿ ಗುಂಡಿಗೆ ಬಲಿಯಾಗುತ್ತಾನೆ. ‘ಹೀಗೆ ನಡೆದಿತ್ತೇ’ ಎಂದು ಮಗ ಕೇಳಿದ, ಇಲ್ಲವೆಂದೆ. ‘ಹಾಗಾದರೆ ಹೀಗೇಕೆ ತೆಗೆದರು’ ಎಂದ, ಉತ್ತರ ಹೊಳೆಯಲಿಲ್ಲ. ಲಕ್ಷಾಂತರ ಜನರು ನಿಜವಾಗಿ ಸತ್ತಿರುವ ಇತಿಹಾಸವನ್ನು ಸೇಡಿನ ಕತೆಯಾಗಿ ತಿರುಗಿಸುವುದು ಸತ್ತವರಿಗೆ ಮಾಡುವ ಅವಮಾನವಲ್ಲವೇ? ಇನ್ನೊಂದು ಸಂದೇಹ: ಯುದ್ಧದ ಚಿತ್ರವೆನ್ನುತ್ತಾರೆ, ಆದರೆ ರಣರಂಗವೇ ಕಾಣುವುದಿಲ್ಲ, ಮಾತೇ ಮಾತು. ಅದೇಕೆ?

ಉತ್ತರ: ನಿಮ್ಮ ಮಗನ ಮೊದಲ ಪ್ರಶ್ನೆಗೆ ನೀವು ಕೊಟ್ಟ ಉತ್ತರ ಸರಿಯಾಗಿದೆ. ಹಿಟ್ಲರ್ ಸತ್ತದ್ದು 1945ರ ಏಪ್ರಿಲ್ 30ರಂದು, ಬರ್ಲಿನ್ನಿನ ನೆಲದಡಿಯ ಬಂಕರಿನಲ್ಲಿ, ತನ್ನ ಕೈಯಾರೆ. ಅವನ ಪ್ರಚಾರ ಮಂತ್ರಿ ಗೋಬೆಲ್ಸ್ ಮರುದಿನ ಹೆಂಡತಿಯೊಡನೆ ಸತ್ತ. ಅದಕ್ಕೂ ಮುಂಚೆ ಆ ದಂಪತಿಯ ಆರು ಮಕ್ಕಳಿಗೆ ವಿಷ ಕೊಡಲಾಗಿತ್ತು. ಚಿತ್ರದ ಕೊನೆಯ ಭಾಗ ನಡೆಯುವ 1944ರ ಜೂನ್ ತಿಂಗಳಿನಲ್ಲಿ ಪ್ಯಾರಿಸ್ ಇನ್ನೂ ಜರ್ಮನ್ನರ ವಶದಲ್ಲಿತ್ತು ಎಂಬುದು ನಿಜ, ಆದರೆ ಅವರಿಬ್ಬರನ್ನು ಒಟ್ಟಿಗೆ ಸುಟ್ಟ ಥಿಯೇಟರು ಯಾವುದೂ ಅಲ್ಲಿರಲಿಲ್ಲ. ‘ಹೀಗೇಕೆ ತೆಗೆದರು’ ಎಂಬುದು ಕಷ್ಟದ ಪ್ರಶ್ನೆ, ಮತ್ತು ಅದು ನಿಮ್ಮ ಉಳಿದ ಎರಡು ಸಂದೇಹಗಳೊಂದಿಗೆ ಹೆಣೆದುಕೊಂಡಿದೆ. ಆದ್ದರಿಂದ ‘ಮಾತೇ ಮಾತು’ ಎಂಬಲ್ಲಿಂದಲೇ ಆರಂಭಿಸುತ್ತೇನೆ.

2009ರಲ್ಲಿ ತೆರೆಕಂಡ ಈ ಚಿತ್ರ ಐದು ಅಧ್ಯಾಯಗಳಾಗಿ ಹಂಚಿಕೊಂಡಿದೆ. ಮೊದಲ ಅಧ್ಯಾಯದ ಹೆಸರೇ ‘ಒಂದಾನೊಂದು ಕಾಲದಲ್ಲಿ, ನಾಜಿ ಆಕ್ರಮಿತ ಫ್ರಾನ್ಸಿನಲ್ಲಿ’ ಎಂಬರ್ಥದ್ದು. ಅಂದರೆ ನಿರ್ದೇಶಕರು ಬಾಗಿಲಲ್ಲೇ ನಿಂತು, ಒಳಗಿರುವುದು ಅಜ್ಜಿ ಹೇಳುವ ಬಗೆಯ ಕತೆ ಎಂದು ಒಪ್ಪಿಕೊಂಡು ನಮ್ಮನ್ನು ಒಳಗೆ ಬಿಡುತ್ತಾರೆ. ಆ ಬಾಗಿಲಿನ ಹಿಂದೆ ಇರುವ ದೃಶ್ಯವಾದರೋ ಇಡೀ ಚಿತ್ರದಲ್ಲಿ ವಾಸ್ತವಕ್ಕೆ ಅತಿ ಹತ್ತಿರವಾದದ್ದು. 1941ನೆಯ ಇಸವಿ, ಹಸು ಸಾಕಿಕೊಂಡು ಬದುಕುವ ಒಬ್ಬ ಫ್ರೆಂಚ್ ರೈತ ಮನೆಯ ಮುಂದೆ ಕೊಡಲಿಯಿಂದ ಮರದ ಬೊಡ್ಡೆ ಕಡಿಯುತ್ತಿದ್ದಾನೆ, ಮಗಳು ಬಟ್ಟೆ ಒಣಹಾಕುತ್ತಿದ್ದಾಳೆ. ತಂತಿಯ ಮೇಲಿನ ಬಿಳಿಯ ಬಟ್ಟೆಯನ್ನು ಅವಳು ಸರಿಸಿದಾಗ ದೂರದ ದಾರಿಯಲ್ಲಿ ಜರ್ಮನ್ ವಾಹನಗಳು ಕಾಣುತ್ತವೆ. ಬರುವವನು ನಾಜಿಗಳ ಎಸ್‌ಎಸ್ ಪಡೆಯ ಕರ್ನಲ್ ಹಾನ್ಸ್ ಲಾಂಡಾ, ‘ಯಹೂದಿ ಬೇಟೆಗಾರ’ ಎಂದು ಹೆಸರಾದವನು. ಅವನು ಗದರುವುದಿಲ್ಲ, ಮೇಜು ಗುದ್ದುವುದಿಲ್ಲ. ಕುಡಿಯಲು ಒಂದು ಲೋಟ ಹಾಲು ಕೇಳುತ್ತಾನೆ, ಅದನ್ನು ಒಂದೇ ಉಸಿರಿಗೆ ಕುಡಿದು ಹಸುಗಳನ್ನೂ ಹೆಣ್ಣುಮಕ್ಕಳನ್ನೂ ಹೊಗಳುತ್ತಾನೆ, ಶಾಯಿ ಮತ್ತು ಕಾಗದ ತೆಗೆದು ಗುಮಾಸ್ತನಂತೆ ವಿವರ ಬರೆದುಕೊಳ್ಳುತ್ತಾನೆ. ಅನಂತರ ತನ್ನ ಫ್ರೆಂಚ್ ಅಷ್ಟು ಚೆನ್ನಾಗಿಲ್ಲವೆಂದು ಕ್ಷಮೆ ಕೇಳಿ, ಇಂಗ್ಲಿಷಿನಲ್ಲಿ ಮಾತನಾಡೋಣವೇ ಎನ್ನುತ್ತಾನೆ.

ಮೊದಲ ಸಲ ನೋಡುವವರಿಗೆ ಇದು ಇಂಗ್ಲಿಷ್ ಪ್ರೇಕ್ಷಕರ ಅನುಕೂಲಕ್ಕೆ ಮಾಡಿದ ವ್ಯವಸ್ಥೆಯೆಂದು ತೋರುತ್ತದೆ. ಕ್ಯಾಮೆರಾ ನೆಲದ ಹಲಗೆಗಳ ಕೆಳಗಿಳಿದು, ಬಾಯಿ ಮುಚ್ಚಿಕೊಂಡು ಮಲಗಿರುವ ಯಹೂದಿ ಕುಟುಂಬವನ್ನು ತೋರಿಸಿದ ಮೇಲೆ ಮಾತ್ರ ಆ ಕೋರಿಕೆಯ ಕ್ರೌರ್ಯ ತಿಳಿಯುತ್ತದೆ: ಕೆಳಗಿರುವವರಿಗೆ ಇಂಗ್ಲಿಷ್ ಬರುವುದಿಲ್ಲ. ತಮ್ಮನ್ನು ಎಲ್ಲಿ ಅಡಗಿಸಲಾಗಿದೆ ಎಂದು ಮೇಲೆ ರೈತ ಕಣ್ಣೀರು ಸುರಿಸುತ್ತ ಬೆರಳು ಮಾಡಿ ತೋರಿಸುತ್ತಿದ್ದರೂ ಅವರಿಗೆ ಅದು ಗೊತ್ತಾಗುವುದಿಲ್ಲ. ಲಾಂಡಾ ಮತ್ತೆ ಫ್ರೆಂಚಿಗೆ ಮರಳಿ, ವಿದಾಯ ಹೇಳುವವನಂತೆ ನಟಿಸುತ್ತ ಸೈನಿಕರನ್ನು ಒಳಗೆ ಬಿಡುತ್ತಾನೆ. ಹಲಗೆಗಳ ಮೇಲೆ ಗುಂಡಿನ ಮಳೆಯಾಗುತ್ತದೆ. ಬದುಕಿ ಓಡುವವಳು ಆ ಕುಟುಂಬದ ಹುಡುಗಿ ಶೋಶಾನಾ ಒಬ್ಬಳೇ.

ಸುಮಾರು ಇಪ್ಪತ್ತು ನಿಮಿಷದ ಈ ದೃಶ್ಯದಲ್ಲಿ ಯುದ್ಧವಿಲ್ಲ ಎನ್ನಲು ನನ್ನಿಂದಾಗದು. ಆಕ್ರಮಣಕ್ಕೊಳಗಾದ ನಾಡಿನಲ್ಲಿ ಸಾಮಾನ್ಯರ ಪಾಲಿಗೆ ಬರುವ ಯುದ್ಧ ಹೀಗೆಯೇ ಇರುತ್ತದೆ: ಅಡುಗೆಮನೆಯ ಮೇಜು, ಸಭ್ಯವಾದ ಪ್ರಶ್ನೆಗಳು, ತಪ್ಪಿಸಿಕೊಳ್ಳಲಾಗದ ಉತ್ತರಗಳು. ಚಿತ್ರದುದ್ದಕ್ಕೂ ಭಾಷೆಯೇ ಆಯುಧ. ಲಾಂಡಾಗೆ ಜರ್ಮನ್, ಫ್ರೆಂಚ್, ಇಂಗ್ಲಿಷ್, ಇಟಾಲಿಯನ್ ನಾಲ್ಕೂ ಬರುತ್ತವೆ, ಆದ್ದರಿಂದ ಅವನು ಎಲ್ಲರಿಗಿಂತ ಒಂದು ಹೆಜ್ಜೆ ಮುಂದಿರುತ್ತಾನೆ. ನೆಲಮಾಳಿಗೆಯ ಹೆಂಡದಂಗಡಿಯಲ್ಲಿ ಜರ್ಮನ್ ಅಧಿಕಾರಿಯ ವೇಷದಲ್ಲಿರುವ ಬ್ರಿಟಿಷ್ ಸೈನಿಕನ ವ್ಯಾಕರಣ ಶುದ್ಧವಾಗಿದ್ದರೂ ಉಚ್ಚಾರ ಅನುಮಾನ ಹುಟ್ಟಿಸುತ್ತದೆ. ಕೊನೆಗೆ ಅವನನ್ನು ಕೊಲ್ಲುವುದು ಬೆರಳುಗಳ ಲೆಕ್ಕ. ಜರ್ಮನ್ನರು ಮೂರು ಎಂದು ತೋರಿಸುವಾಗ ಹೆಬ್ಬೆರಳಿನಿಂದ ಎಣಿಸುತ್ತಾರೆ. ಅವನು ಹೆಬ್ಬೆರಳು ಮಡಚಿ ನಡುವಿನ ಮೂರು ಬೆರಳುಗಳನ್ನು ಎತ್ತುತ್ತಾನೆ. ಎದುರಿಗೆ ಕುಳಿತ ಗೆಸ್ಟಾಪೊ (ನಾಜಿ ಗುಪ್ತ ಪೊಲೀಸ್) ಅಧಿಕಾರಿಯ ಮುಖ ಅಷ್ಟಕ್ಕೇ ಬದಲಾಗುತ್ತದೆ. ಒಂದು ನಾಡಿನ ನುಡಿಯನ್ನು ಕಲಿಯಬಹುದು, ಅಲ್ಲಿ ಹುಟ್ಟಿದವರ ಕೈಯ ಅಭ್ಯಾಸವನ್ನು ಕಲಿಯುವುದು ಕಷ್ಟ. ಪರಭಾಷೆಯ ನಡುವೆ ಬದುಕಿದ ಯಾರಿಗಾದರೂ ಈ ದೃಶ್ಯ ಬೇಗ ತಾಗುತ್ತದೆ. ಲಾಂಡಾನ ಪಾತ್ರಕ್ಕಾಗಿ ಕ್ರಿಸ್ಟೋಫ್ ವಾಲ್ಟ್ಸ್ ಅವರಿಗೆ ಕಾನ್ ಉತ್ಸವದ ಅತ್ಯುತ್ತಮ ನಟ ಪ್ರಶಸ್ತಿಯೂ ಅನಂತರ ಆಸ್ಕರ್ ಪೋಷಕ ನಟ ಪ್ರಶಸ್ತಿಯೂ ಬಂದವು, ಮತ್ತು ಅವು ಬಹುಮಟ್ಟಿಗೆ ನಾಲಿಗೆಗೆ ಸಂದ ಪ್ರಶಸ್ತಿಗಳು ಎಂಬುದು ನನ್ನ ಎಣಿಕೆ.

ಹಾಲಿನ ಲೋಟ ಚಿತ್ರದಲ್ಲಿ ಮತ್ತೊಮ್ಮೆ ಬರುತ್ತದೆ. ಮೂರು ವರ್ಷಗಳ ನಂತರ ಶೋಶಾನಾ ಬೇರೆ ಹೆಸರಿನಲ್ಲಿ ಪ್ಯಾರಿಸ್ಸಿನಲ್ಲಿ ಒಂದು ಥಿಯೇಟರು ನಡೆಸುತ್ತಿದ್ದಾಳೆ. ಅವಳ ಥಿಯೇಟರಿನಲ್ಲಿ ನಾಜಿ ಚಿತ್ರವೊಂದರ ಮೊದಲ ಪ್ರದರ್ಶನವಾಗಬೇಕೆಂದು ನಿಶ್ಚಯವಾದಾಗ, ಭದ್ರತೆಯ ವಿಚಾರಣೆಗೆಂದು ಅವಳೆದುರು ಕುಳಿತುಕೊಳ್ಳುವವನು ಅದೇ ಲಾಂಡಾ. ತನಗೆ ಕಾಫಿ, ಅವಳಿಗೆ ಹಾಲು ತರಿಸುತ್ತಾನೆ. ಸೇಬಿನ ಸ್ಟ್ರೂಡಲ್ ಬರುತ್ತದೆ. ಕೆನೆ ಬರುವ ತನಕ ತಿನ್ನಬೇಡವೆಂದು ತಡೆಯುತ್ತಾನೆ. ಕ್ಯಾಮೆರಾ ಆ ಕೆನೆಯನ್ನು ಎಷ್ಟು ಹತ್ತಿರದಿಂದ ನೋಡುತ್ತದೆಂದರೆ ತಿಂಡಿಯೇ ಒಂದು ಬೆದರಿಕೆಯಾಗಿ ಕಾಣತೊಡಗುತ್ತದೆ. ಅವನಿಗೆ ಅವಳ ಗುರುತು ಸಿಕ್ಕಿತೋ ಇಲ್ಲವೋ ಎಂಬುದನ್ನು ಚಿತ್ರ ಹೇಳುವುದಿಲ್ಲ. ಸಿಗರೇಟನ್ನು ಉಳಿದ ಕೆನೆಯಲ್ಲಿ ಅದುಮಿ ಆರಿಸಿ ಅವನು ಎದ್ದು ಹೋಗುತ್ತಾನೆ. ಅಲ್ಲಿಯವರೆಗೆ ಬಿಗಿಹಿಡಿದಿದ್ದ ಅವಳ ಉಸಿರು ಒಮ್ಮೆಲೇ ಬಿಚ್ಚಿಕೊಂಡು ಅಳುವಾಗುತ್ತದೆ. ಶೋಶಾನಾಳ ಪಾತ್ರ ಮಾಡಿರುವ ಮೆಲನಿ ಲೊರಾಂ ಆ ಕೆಲವು ಕ್ಷಣಗಳಲ್ಲಿ ಮಾಡಿದ್ದನ್ನು ಯಾವ ಗುಂಡಿನ ಕಾಳಗವೂ ಮಾಡಲಾರದು. ಚಿತ್ರ ಮುಂದೆ ಕಟ್ಟುವ ಸೇಡಿನ ಮಹಲೆಲ್ಲ ನಿಂತಿರುವುದು ಈ ಹಾಲು, ಕೆನೆ, ಉಸಿರುಗಳ ಅಡಿಪಾಯದ ಮೇಲೆ.

ಈಗ ಸೇಡಿನ ವಿಷಯಕ್ಕೆ ಬರೋಣ. ಚಿತ್ರದಲ್ಲಿ ಸೇಡುಗಳು ಎರಡು, ಮತ್ತು ಒಂದಕ್ಕೆ ಇನ್ನೊಂದರ ಸುಳಿವೇ ಇಲ್ಲ. ಆಲ್ಡೊ ರೇನ್ ಎಂಬ ಅಮೆರಿಕನ್ ಅಧಿಕಾರಿಯ ಕೈಕೆಳಗಿನ ಯಹೂದಿ ಸೈನಿಕರ ತಂಡ ನಾಜಿಗಳನ್ನು ಕೊಂದು ನೆತ್ತಿಯ ಚರ್ಮ ಸುಲಿಯುತ್ತ, ಬಿಟ್ಟು ಕಳಿಸಿದವರ ಹಣೆಯ ಮೇಲೆ ಸ್ವಸ್ತಿಕ ಕೊರೆಯುತ್ತ ಹೋಗುತ್ತದೆ. ಪ್ರದರ್ಶನದ ರಾತ್ರಿ ಅವರಲ್ಲಿ ಇಬ್ಬರು ಕಾಲಿಗೆ ಸ್ಫೋಟಕ ಕಟ್ಟಿಕೊಂಡು ಥಿಯೇಟರಿನಲ್ಲಿ ಕುಳಿತಿರುತ್ತಾರೆ. ಇತ್ತ ಶೋಶಾನಾ ಮತ್ತು ಅವಳ ಪ್ರಿಯಕರ ಮಾರ್ಸೆಲ್, ಥಿಯೇಟರಿನಲ್ಲಿರುವ ಮುನ್ನೂರೈವತ್ತಕ್ಕೂ ಹೆಚ್ಚು ನೈಟ್ರೇಟ್ ಫಿಲ್ಮುಗಳನ್ನು ಪರದೆಯ ಹಿಂದೆ ರಾಶಿ ಹಾಕಿ ಅದಕ್ಕೆ ಬೆಂಕಿ ಇಡುವ ಸಂಚು ಹೂಡಿರುತ್ತಾರೆ. ಇದರ ತಾಂತ್ರಿಕ ಆಧಾರ ಗಟ್ಟಿಯಾಗಿದೆ. ಸೆಲ್ಯುಲೋಸ್ ನೈಟ್ರೇಟಿನ ಹಳೆಯ ಫಿಲ್ಮು ಉರಿಯಲು ಬೇಕಾದ ಆಮ್ಲಜನಕವನ್ನು ತನ್ನೊಳಗೇ ಇಟ್ಟುಕೊಂಡಿರುತ್ತದೆ, ಹಾಗಾಗಿ ಹೊತ್ತಿಕೊಂಡ ಮೇಲೆ ನೀರಿನಲ್ಲಿ ಮುಳುಗಿಸಿದರೂ ಆರುವುದಿಲ್ಲ. 1950ರ ಸುಮಾರಿಗೆ ಸುರಕ್ಷಿತ ಫಿಲ್ಮು ಅದರ ಜಾಗಕ್ಕೆ ಬರುವವರೆಗೆ ಪ್ರೊಜೆಕ್ಷನ್ ಕೋಣೆಯಲ್ಲಿ ಕೆಲಸ ಮಾಡುವವರಿಗೆ ಬೆಂಕಿಯ ಭಯ ನಿತ್ಯದ್ದಾಗಿತ್ತು. ಪ್ಯಾರಿಸ್ಸಿನಲ್ಲಿಯೇ 1897ರ ಮೇ ತಿಂಗಳಲ್ಲಿ ದಾನಕ್ಕಾಗಿ ಏರ್ಪಡಿಸಿದ್ದ ಮಾರಾಟ ಮೇಳವೊಂದರಲ್ಲಿ ಸಿನಿಮಾ ಯಂತ್ರದ ಈಥರ್ ದೀಪದಿಂದ ಬೆಂಕಿ ಹತ್ತಿ ನೂರಿಪ್ಪತ್ತಕ್ಕೂ ಹೆಚ್ಚು ಜನ ಸತ್ತಿದ್ದರು.

ಸೇಡು ಪೂರೈಸುವ ಆ ರಾತ್ರಿಯನ್ನು ನಿಧಾನವಾಗಿ ನೋಡಿದರೆ ಅದರಲ್ಲಿ ಗೆಲುವಿನ ಸಂಭ್ರಮ ಎಷ್ಟು ಕಡಿಮೆಯಿದೆ ಎಂಬುದು ಅರಿವಾಗುತ್ತದೆ. ಪ್ರೊಜೆಕ್ಷನ್ ಕೋಣೆಗೆ ನುಗ್ಗಿದ ಜರ್ಮನ್ ಸೈನಿಕ ಝೋಲರನ ಬೆನ್ನಿಗೆ ಶೋಶಾನಾ ಗುಂಡು ಹಾರಿಸುತ್ತಾಳೆ. ಅವನೇ ಆ ರಾತ್ರಿಯ ಚಿತ್ರದ ನಾಯಕನಟ. ಅವನು ನೆಲದಲ್ಲಿ ನರಳುತ್ತಿರುವಾಗ ಅವಳ ಕಣ್ಣು ಪರದೆಯ ಮೇಲಿನ ಅವನ ಮುಖದ ಮೇಲೆ ಬೀಳುತ್ತದೆ, ಆ ಮುಖದಲ್ಲಿ ಒಂದು ಮೃದುತ್ವವಿದೆ; ಅವಳಲ್ಲಿ ಕರುಣೆ ಹುಟ್ಟುತ್ತದೆ. ಹತ್ತಿರ ಹೋಗುತ್ತಾಳೆ, ಅವನು ತಿರುಗಿ ಅವಳನ್ನು ಕೊಲ್ಲುತ್ತಾನೆ. ಸಿನಿಮಾ ತೋರಿಸಿದ ಮುಖವನ್ನು ನಂಬಿದ್ದೇ ಅವಳ ಸಾವಿಗೆ ಕಾರಣವಾಗುತ್ತದೆ. ಇದಾದ ಮೇಲೆ, ಅವಳು ಮೊದಲೇ ಚಿತ್ರೀಕರಿಸಿ ನಾಲ್ಕನೆಯ ರೀಲಿಗೆ ಅಂಟಿಸಿಟ್ಟಿದ್ದ ಅವಳ ಮುಖ ಪರದೆಯ ತುಂಬ ಬಂದು, ನಿಮ್ಮನ್ನು ಕೊಲ್ಲುತ್ತಿರುವ ಯಹೂದಿಯ ಮುಖವನ್ನು ಚೆನ್ನಾಗಿ ನೋಡಿಕೊಳ್ಳಿ ಎಂದು ನಾಜಿಗಳಿಗೆ ಹೇಳುತ್ತದೆ. ಪರದೆ ಸುಟ್ಟುಹೋಗುತ್ತದೆ, ಆದರೂ ಯಂತ್ರದ ಬೆಳಕು ನಿಲ್ಲದೆ, ಹೊಗೆಯ ಮೇಲೆ ಅವಳ ಮುಖ ನಗುತ್ತ ತೇಲುತ್ತದೆ. ಅಷ್ಟು ಹೊತ್ತಿಗೆ ಅವಳು ಸತ್ತು ಬಹಳ ಸಮಯವಾಗಿಲ್ಲ, ಆದರೆ ಸತ್ತಿದ್ದಾಳೆ. ಹಿಟ್ಲರನನ್ನು ಗುಂಡಿಕ್ಕಿ ಕೊಲ್ಲುವ ಇಬ್ಬರು ಸೈನಿಕರೂ ತಮ್ಮದೇ ಸ್ಫೋಟದಲ್ಲಿ ಸಾಯುತ್ತಾರೆ. ಸೇಡಿಗೆ ಹಕ್ಕುಳ್ಳವಳು ಅದನ್ನು ಕಣ್ಣಾರೆ ಕಾಣಲಿಲ್ಲ. ದುಶ್ಶಾಸನನ ರಕ್ತದಿಂದ ಮುಡಿ ಕಟ್ಟಿಸಿಕೊಂಡ ದ್ರೌಪದಿಗೆ ದಕ್ಕಿದ ಕ್ಷಣ ಶೋಶಾನಾಗೆ ದಕ್ಕುವುದಿಲ್ಲ. ಅದು ದಕ್ಕಿದ್ದು ಕುರ್ಚಿಯಲ್ಲಿ ಕುಳಿತ ನಮಗೆ.

ನಾವೇಕೆ ಅಲ್ಲಿದ್ದೇವೆ ಎಂಬುದನ್ನೂ ಚಿತ್ರ ಬಲ್ಲದು. ಬೆಂಕಿ ಹತ್ತುವ ಮುಂಚೆ ಆ ಥಿಯೇಟರಿನಲ್ಲಿ ಓಡುತ್ತಿರುವ ನಾಜಿ ಚಿತ್ರದಲ್ಲಿ, ಗೋಪುರವೊಂದರಲ್ಲಿ ಒಬ್ಬನೇ ಕುಳಿತ ಝೋಲರ್ ನೂರಾರು ಶತ್ರು ಸೈನಿಕರನ್ನು ಕೊಲ್ಲುತ್ತಾನೆ, ಪ್ರತಿ ಸಾವಿಗೂ ಸಭಾಂಗಣ ಚಪ್ಪಾಳೆ ತಟ್ಟುತ್ತದೆ, ಹಿಟ್ಲರ್ ಬಿದ್ದು ಬಿದ್ದು ನಗುತ್ತಾನೆ. ಆ ನಗೆಯನ್ನು ನೋಡಿ ನಮಗೆ ಅಸಹ್ಯವಾಗುತ್ತದೆ. ಕೆಲವೇ ನಿಮಿಷಗಳಲ್ಲಿ ಬಾಗಿಲು ಹಾಕಿದ ಅದೇ ಸಭಾಂಗಣದಲ್ಲಿ ಜನ ಸಾಯತೊಡಗುತ್ತಾರೆ, ನಾವು ಉತ್ಸಾಹಗೊಳ್ಳುತ್ತೇವೆ. ಗೋಪುರದಲ್ಲಿ ಝೋಲರ್ ಚಾಕುವಿನಿಂದ ನೆಲಹಲಗೆಯ ಮೇಲೆ ಸ್ವಸ್ತಿಕ ಕೊರೆಯುವುದನ್ನೂ ಆಲ್ಡೊ ರೇನ್ ಹಣೆಗಳ ಮೇಲೆ ಕೊರೆಯುವುದನ್ನೂ ಪಕ್ಕ ಪಕ್ಕ ಇಟ್ಟು ನೋಡಿ. ಇಬ್ಬರ ಅಪರಾಧವೂ ಒಂದೇ ತೂಕದ್ದೆಂದು ಚಿತ್ರ ಹೇಳುತ್ತಿಲ್ಲ, ನಾನೂ ಹೇಳುವುದಿಲ್ಲ. ಕೊಲೆಗಾರನಿಗೂ ಕೊಲೆಯಾದವರ ಮಗಳಿಗೂ ಭೇದವಿಲ್ಲವೆನ್ನುವುದು ನ್ಯಾಯವಲ್ಲ. ಆದರೆ ಪರದೆಯ ಮೇಲಿನ ಸಾವನ್ನು ಸವಿಯುವ ಅಭ್ಯಾಸ ಮಾತ್ರ ಎರಡೂ ಕಡೆಯ ಕುರ್ಚಿಗಳಲ್ಲಿ ಒಂದೇ ಎಂಬುದನ್ನು ಅದು ಮರೆಮಾಚದೆ ತೋರಿಸುತ್ತದೆ. ಗೋಬೆಲ್ಸ್ ಈ ಅಭ್ಯಾಸವನ್ನು ಚೆನ್ನಾಗಿ ಬಲ್ಲವನಾಗಿದ್ದ. ಯುದ್ಧ ಸೋಲುತ್ತಿದ್ದಾಗಲೂ ಸೈನಿಕರನ್ನು ಚಿತ್ರೀಕರಣಕ್ಕೆ ಕಳಿಸಿ ತಯಾರಿಸಿದ ‘ಕೋಲ್ಬರ್ಗ್’ ಎಂಬ ವೀರಗಾಥೆಯನ್ನು ಅವನು 1945ರ ಜನವರಿ 30ರಂದು, ತನ್ನ ಸಾವಿಗೆ ಮೂರು ತಿಂಗಳಿರುವಾಗ, ಬಿಡುಗಡೆ ಮಾಡಿಸಿದ. ಟ್ಯಾರಂಟಿನೊ ತಮ್ಮ ಚಿತ್ರದ ಬಹುಭಾಗವನ್ನು ತೆಗೆದದ್ದು ಪಾಟ್ಸ್‌ಡ್ಯಾಮಿನ ಬಾಬೆಲ್ಸ್‌ಬರ್ಗ್ ಸ್ಟುಡಿಯೋದಲ್ಲಿ, ಅಂದರೆ ಒಂದು ಕಾಲಕ್ಕೆ ಗೋಬೆಲ್ಸನ ಅಂಕೆಯಲ್ಲಿದ್ದ ಅಂಗಳದಲ್ಲಿಯೇ.

ಇನ್ನು ಅವಮಾನದ ಪ್ರಶ್ನೆ. ಕತೆಯ ಕೊನೆಯನ್ನು ತಿರುಗಿಸುವುದು ನಮಗೆ ಹೊಸತಲ್ಲ: ವ್ಯಾಸರ ಭಾರತವನ್ನೇ ಹಿಡಿದು ಪಂಪ ಅರ್ಜುನನಿಗೆ ಪಟ್ಟ ಕಟ್ಟಿದ, ರನ್ನ ಭೀಮನಿಗೆ ಕಟ್ಟಿದ. ಆದರೆ ಇಲ್ಲಿ ತಿರುಗಿಸುತ್ತಿರುವುದು ಕಾವ್ಯವನ್ನಲ್ಲ, ಅರವತ್ತು ಲಕ್ಷ ಯಹೂದಿಗಳು ಕೊಲೆಯಾದ, ಸಾಕ್ಷಿಗಳಿರುವ, ಕಡತಗಳಿರುವ ಇತಿಹಾಸವನ್ನು. ಆದ್ದರಿಂದ ನಿಮ್ಮ ಆತಂಕ ಹುಸಿಯಲ್ಲ. ಚಿತ್ರ ಬಂದಾಗ ಗಂಭೀರ ವಿಮರ್ಶಕರು ಕೆಲವರು ಇದೇ ಮಾತನ್ನು ಇನ್ನೂ ಕಟುವಾಗಿ ಹೇಳಿದ್ದರು. ಚಾಪ್ಲಿನ್ ಕೂಡ 1940ರಲ್ಲಿ ‘ದಿ ಗ್ರೇಟ್ ಡಿಕ್ಟೇಟರ್’ ತೆಗೆದು ಹಿಟ್ಲರನನ್ನು ಗೇಲಿ ಮಾಡಿದವರು, ನಾಜಿ ಸೆರೆಶಿಬಿರಗಳ ನಿಜವಾದ ಭೀಕರತೆ ಆಗಲೇ ತಿಳಿದಿದ್ದರೆ ತಾವು ಆ ಚಿತ್ರ ತೆಗೆಯುತ್ತಿರಲಿಲ್ಲ ಎಂದು ಮುಂದೆ ತಮ್ಮ ಆತ್ಮಕಥೆಯಲ್ಲಿ ಬರೆದುಕೊಂಡರು. ನನ್ನ ಆಕ್ಷೇಪಗಳೂ ಇವೆ. ಸೆರೆಸಿಕ್ಕ ಜರ್ಮನ್ ಸೈನಿಕನನ್ನು ಬೇಸ್‌ಬಾಲ್ ದಾಂಡಿನಿಂದ ಹೊಡೆದು ಕೊಲ್ಲುವ ಎರಡನೆಯ ಅಧ್ಯಾಯದ ದೃಶ್ಯ ಮೊದಲ ಅಧ್ಯಾಯದ ಎದುರು ಬಹಳ ಅಗ್ಗವಾಗಿ ಕಾಣುತ್ತದೆ. ಅದಕ್ಕಿಂತ ದೊಡ್ಡ ಕೊರತೆ ಇನ್ನೊಂದು. ಫ್ರಾನ್ಸಿನಿಂದ 75,000ಕ್ಕೂ ಹೆಚ್ಚು ಯಹೂದಿಗಳನ್ನು ಸಾವಿನ ಶಿಬಿರಗಳಿಗೆ ಸಾಗಿಸಲಾಯಿತು. 1942ರ ಜುಲೈ 16 ಮತ್ತು 17ರಂದು ಪ್ಯಾರಿಸ್ ಮತ್ತು ಸುತ್ತಮುತ್ತ ಸುಮಾರು 13,000 ಜನರನ್ನು ಮನೆಮನೆಗಳಿಂದ ಎಳೆತಂದವರು ಫ್ರೆಂಚ್ ಪೊಲೀಸರೇ. ಪ್ಯಾರಿಸ್ಸಿನಲ್ಲಿ ಅಡಗಿ ಬದುಕುವ ಯಹೂದಿ ಹೆಣ್ಣಿನ ಕತೆಯಲ್ಲಿ ಆ ಪೊಲೀಸರ ನೆರಳೂ ಬೀಳುವುದಿಲ್ಲ ಎಂಬುದು ನನ್ನನ್ನು ಈಗಲೂ ಕಾಡುತ್ತದೆ.

ಇಷ್ಟಾದರೂ ಈ ಚಿತ್ರ ಸತ್ತವರನ್ನು ಅವಮಾನಿಸುತ್ತದೆ ಎಂಬುದನ್ನು ನಾನು ಒಪ್ಪುವುದಿಲ್ಲ, ಏಕೆಂದರೆ ಅದು ಸುಳ್ಳು ಹೇಳುವುದು ಎಲ್ಲರಿಗೂ ಗೊತ್ತಿರುವ ಒಂದೇ ವಿಷಯದಲ್ಲಿ. ಹಿಟ್ಲರ್ ಹೇಗೆ ಸತ್ತನೆಂಬ ಬಗ್ಗೆ ಯಾರೂ ಮೋಸ ಹೋಗಲಾರರು. ಎಷ್ಟೋ ಜನ ಗಮನಿಸದೆ ದಾಟಿಹೋಗುವ ಲಾಂಡಾನ ವಿಷಯದಲ್ಲಿ ಮಾತ್ರ ಅದು ಕಹಿಯಾದ ಸತ್ಯವನ್ನು ಹೇಳುತ್ತದೆ. ಜರ್ಮನಿ ಸೋಲುವುದೆಂದು ಮನಗಂಡ ಲಾಂಡಾ, ಸಂಚು ತನಗೆ ಗೊತ್ತಾದ ಮೇಲೂ ಅದನ್ನು ತಡೆಯದೆ, ರೇಡಿಯೊ ಮೂಲಕ ಅಮೆರಿಕನ್ ಅಧಿಕಾರಿಗಳೊಡನೆ ವ್ಯಾಪಾರ ಕುದುರಿಸುತ್ತಾನೆ: ಪೌರತ್ವ, ಪಿಂಚಣಿ, ಪದಕ, ನ್ಯಾಂಟಕೆಟ್ ದ್ವೀಪದಲ್ಲಿ ಆಸ್ತಿ. ಅವರು ಒಪ್ಪುತ್ತಾರೆ. ಇದನ್ನು ಕಟ್ಟುಕತೆಯೆಂದು ತಿಳಿಯುವವರು ಕ್ಲಾವ್ಸ್ ಬಾರ್ಬಿಯ ಕತೆಯನ್ನು ಕೇಳಬೇಕು. 1942ರಿಂದ 1944ರವರೆಗೆ ಫ್ರಾನ್ಸಿನ ಲಿಯಾನ್ ನಗರದ ಗೆಸ್ಟಾಪೊ ಮುಖ್ಯಸ್ಥನಾಗಿದ್ದ ಅವನು ಇಝಿಯೂ ಎಂಬ ಹಳ್ಳಿಯಲ್ಲಿ ಅಡಗಿಸಿಟ್ಟಿದ್ದ 44 ಯಹೂದಿ ಮಕ್ಕಳನ್ನು 1944ರ ಏಪ್ರಿಲ್ 6ರಂದು ಹಿಡಿಸಿದ; ಅವರಲ್ಲಿ ಒಂದು ಮಗುವೂ ಮರಳಿ ಬರಲಿಲ್ಲ. ಯುದ್ಧ ಮುಗಿದ ಮೇಲೆ ಅಮೆರಿಕದ ಸೇನಾ ಗುಪ್ತಚರ ವಿಭಾಗ ಅವನನ್ನು ಕೆಲಸಕ್ಕಿಟ್ಟುಕೊಂಡಿತು, ಫ್ರಾನ್ಸ್ ಅವನನ್ನು ಹುಡುಕತೊಡಗಿದಾಗ 1951ರಲ್ಲಿ ಬೊಲಿವಿಯಾಕ್ಕೆ ಸಾಗಹಾಕಿತು. ಬೇರೆ ಹೆಸರಿನಲ್ಲಿ ಅವನು ಅಲ್ಲಿ ಮೂವತ್ತಕ್ಕೂ ಹೆಚ್ಚು ವರ್ಷ ಸ್ವತಂತ್ರವಾಗಿ ಬದುಕಿದ. 1983ರಲ್ಲಿ ಫ್ರಾನ್ಸಿಗೆ ತರಲಾಯಿತು, ಅಮೆರಿಕ ಅದೇ ವರ್ಷ ಕ್ಷಮೆ ಕೇಳಿತು, 1987ರಲ್ಲಿ ಲಿಯಾನಿನ ನ್ಯಾಯಾಲಯ ಅವನಿಗೆ ಜೀವಾವಧಿ ಶಿಕ್ಷೆ ವಿಧಿಸಿತು.

ಈ ಹಿನ್ನೆಲೆಯಲ್ಲಿ ಚಿತ್ರದ ಕೊನೆಯ ದೃಶ್ಯವನ್ನು ನೋಡಬೇಕು. ಸೆರೆಸಿಕ್ಕ ಪ್ರತಿಯೊಬ್ಬ ಜರ್ಮನ್ನನಿಗೂ ಆಲ್ಡೊ ರೇನ್ ಕೇಳುವ ಪ್ರಶ್ನೆ ಒಂದೇ: ಮನೆಗೆ ಹೋದ ಮೇಲೆ ಈ ಸಮವಸ್ತ್ರವನ್ನು ಏನು ಮಾಡುತ್ತೀಯ? ಬಿಚ್ಚಿ ಸುಡುತ್ತೇನೆ ಎಂಬ ಉತ್ತರ ಅವನಿಗೆ ಸಾಲದು. ಬಿಚ್ಚಲಾಗದ ಸಮವಸ್ತ್ರವೊಂದನ್ನು ಚಾಕುವಿನಿಂದ ಹಣೆಯ ಮೇಲೆ ಬರೆಯುತ್ತಾನೆ. ಎಲ್ಲ ಒಪ್ಪಂದಗಳನ್ನೂ ಗೆದ್ದ ಲಾಂಡಾಗೆ ಸಿಗುವುದೂ ಅದೇ ಗಾಯ. ಯುದ್ಧಾನಂತರದ ಯುರೋಪಿನಲ್ಲಿ ನಡೆಯದೆ ಹೋದದ್ದನ್ನು ಇಷ್ಟು ನೇರವಾಗಿ ತೋರಿಸಿದ ದೃಶ್ಯ ಇನ್ನೊಂದನ್ನು ನಾನು ಕಂಡಿಲ್ಲ. ಹಿಟ್ಲರನ ಸಾವಿಗಿಂತ ನನಗೆ ಈ ಗಾಯವೇ ಚಿತ್ರದ ನಿಜವಾದ ಸೇಡು ಎನಿಸುತ್ತದೆ: ಅದು ಕೊಲ್ಲುವುದಿಲ್ಲ, ಮರೆಯಲು ಬಿಡುವುದಿಲ್ಲ.

ಸೇಡು ತೀರಿಸಿಕೊಂಡ ಯಹೂದಿಗಳು ನಿಜವಾಗಿ ಯಾರೂ ಇರಲಿಲ್ಲವೇ ಎಂದು ನಿಮ್ಮ ಮಗ ಮುಂದೆ ಕೇಳಬಹುದು. ಇದ್ದರು. ಯಹೂದಿಗಳನ್ನು ಕೂಡಿಹಾಕಿದ್ದ ವಿಲ್ನಾ ನಗರದ ಗೆಟ್ಟೋದಿಂದ ಪಾರಾದ ಕವಿ ಅಬ್ಬಾ ಕೋವ್ನರ್ ಕಟ್ಟಿದ ಗುಂಪು 1946ರ ಏಪ್ರಿಲ್‌ನಲ್ಲಿ ನ್ಯೂರೆಂಬರ್ಗ್ ಬಳಿಯ ಸೆರೆಶಿಬಿರದ ನಾಜಿಗಳ ಬ್ರೆಡ್ಡಿಗೆ ಆರ್ಸೆನಿಕ್ ಸವರಿತು. ಎರಡು ಸಾವಿರಕ್ಕೂ ಹೆಚ್ಚು ಕೈದಿಗಳು ಕಾಯಿಲೆ ಬಿದ್ದರು, ಯಾರೂ ಸತ್ತ ದಾಖಲೆಯಿಲ್ಲ. ಇದಕ್ಕೆ ತೀರ ಭಿನ್ನವಾದವರು ಫ್ರೆಡರಿಕ್ ಮೇಯರ್. ಜರ್ಮನಿಯಿಂದ 1938ರಲ್ಲಿ ಅಮೆರಿಕಕ್ಕೆ ಹೋದ ಈ ಯಹೂದಿ ತರುಣ 1945ರಲ್ಲಿ ಪ್ಯಾರಾಚೂಟಿನಿಂದ ಆಸ್ಟ್ರಿಯಾದಲ್ಲಿ ಇಳಿದು, ಜರ್ಮನ್ ಅಧಿಕಾರಿಯ ವೇಷದಲ್ಲಿ ಇನ್ಸ್‌ಬ್ರುಕ್ ನಗರದಲ್ಲಿ ಓಡಾಡಿ ಮಾಹಿತಿ ಕಳಿಸಿದರು. ಗೆಸ್ಟಾಪೊ ಹಿಡಿದು ಚಿತ್ರಹಿಂಸೆ ಕೊಟ್ಟಿತು, ಬಾಯಿ ಬಿಡಲಿಲ್ಲ. ಕೊನೆಗೆ ನಗರ ಗುಂಡು ಹಾರದೆ ಅಮೆರಿಕನ್ನರಿಗೆ ಶರಣಾಗುವಂತೆ ಮಾಡಿದವರೂ ಅವರೇ. ಅವರು ಯಾರ ನೆತ್ತಿಯನ್ನೂ ಸುಲಿಯಲಿಲ್ಲ.

ಇನ್ನು ನಾಜಿ ನಾಯಕರೆಲ್ಲ ಒಂದೇ ಸಭಾಂಗಣದಲ್ಲಿ ಕುಳಿತಿದ್ದಾಗ ಅವರನ್ನು ಮುಗಿಸುವ ಯತ್ನ ನಿಜವಾಗಿಯೂ ನಡೆದಿತ್ತು. ಗೇಯೋರ್ಗ್ ಎಲ್ಸರ್ ಎಂಬ ಜರ್ಮನ್ ಬಡಗಿ ಮ್ಯೂನಿಕ್ಕಿನ ಬಿಯರ್ ಹಾಲೊಂದರಲ್ಲಿ ಮೂವತ್ತಕ್ಕೂ ಹೆಚ್ಚು ರಾತ್ರಿ ಅಡಗಿ ಕುಳಿತು, ಭಾಷಣ ವೇದಿಕೆಯ ಹಿಂದಿನ ಕಂಬವನ್ನು ಸ್ವಲ್ಪ ಸ್ವಲ್ಪವೇ ಕೊರೆದು, ಅದರೊಳಗೆ ಸಮಯದ ಬಾಂಬನ್ನು ಇಟ್ಟ. 1939ರ ನವೆಂಬರ್ 8ರ ರಾತ್ರಿ ಹಿಟ್ಲರ್ ಅಲ್ಲಿ ಭಾಷಣ ಮಾಡಿದ, ಗೋಬೆಲ್ಸ್ ಮುಂತಾದವರು ಜೊತೆಗಿದ್ದರು. ಮಂಜು ಕವಿದು ವಿಮಾನ ಹಾರುವ ಭರವಸೆಯಿಲ್ಲದ ಕಾರಣ ಬರ್ಲಿನ್ನಿಗೆ ರೈಲು ಹಿಡಿಯಬೇಕಾಗಿ, ಹಿಟ್ಲರ್ ಭಾಷಣವನ್ನು ಮೊಟಕುಗೊಳಿಸಿ ಹೊರಟ. ಅವನು ಹೊರಬಿದ್ದ 13 ನಿಮಿಷಕ್ಕೆ ಕಂಬ ಸಿಡಿಯಿತು, ಎಂಟು ಜನ ಸತ್ತರು. ಎಲ್ಸರ್ ಅದಕ್ಕೂ ಮುಂಚೆಯೇ ಸ್ವಿಸ್ ಗಡಿಯಲ್ಲಿ ಸಿಕ್ಕಿಬಿದ್ದಿದ್ದ. ಅವನನ್ನು ಐದು ವರ್ಷಕ್ಕೂ ಹೆಚ್ಚು ಕಾಲ ಸೆರೆಯಲ್ಲಿಟ್ಟು, 1945ರ ಏಪ್ರಿಲ್ 9ರಂದು ಡಾಖಾವ್ ಶಿಬಿರದಲ್ಲಿ ಕೊಂದರು. ಹಿಟ್ಲರ್ ಸಾಯಲು ಆಗ ಮೂರು ವಾರ ಬಾಕಿಯಿತ್ತು. ಚಿತ್ರವನ್ನು ಇನ್ನೊಮ್ಮೆ ಹಾಕುವ ಮುನ್ನ ಆ 13 ನಿಮಿಷಗಳ ಸಂಗತಿಯನ್ನು ನಿಮ್ಮ ಮಗನಿಗೆ ಹೇಳಿ. ‘ಹೀಗೇಕೆ ತೆಗೆದರು’ ಎಂದು ಆಮೇಲೆ ಅವನು ಬಹುಶಃ ಕೇಳಲಾರ.